ಪಿ.ಎಂ. ಟ್ರೇಡರ್ಸ್ ಎಂಬ ಸಾಲು

ಸಿದ್ದಲಿಂಗಮ್ಮ ಟೀಚರು ಮೈದಾನದಲ್ಲಿ ನಿಂತು ಸೀಟಿ ಊದಿದರೆ ಪಕ್ಕದ ರಸ್ತೆಯಲ್ಲಿ ಹೋಗುತ್ತಿದ್ದ ಎತ್ತಿನ ಗಾಡಿಯವನೂ ಒಂದು ಗಳಿಗೆ ಮೂಗುದಾರ ಜಗ್ಗುತ್ತಾನೆ ಎಂದು ಹುಣಸೂರಿನಲ್ಲಿ ತಮಾಷೆ ಮಾಡುವವರಿದ್ದರು. ಅಷ್ಟು ಗಟ್ಟಿ ಉಸಿರು ಅವರದು. ಎಚ್.ಡಿ. ಕೋಟೆ ಸೀಮೆಯ ಒಂದು ಹಳ್ಳಿಯಲ್ಲಿ ರಾಗಿ, ಹತ್ತಿ ಬೆಳೆಯುತ್ತಿದ್ದ ಮಂಟಯ್ಯನವರ ಮಗಳು. ಲಂಗವನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ಖೋ-ಖೋ ಆಡುತ್ತಿದ್ದ ಹುಡುಗಿಯನ್ನು ನೋಡಿ ಊರವರು ಮೂಗು ಮುರಿದಾಗ ಮಂಟಯ್ಯ, "ಓಡೋ ಕಾಲು ಓಡ್ಲಿ ಬುಡಿ, ನಿಮ್ ಗದ್ದೆ ಏನೂ ತುಳೀತಿಲ್ಲವಲ್ಲ" ಎಂದು ಬಾಯಿ ಮುಚ್ಚಿಸಿದ್ದರಂತೆ. ಆ ಕಾಲುಗಳೇ ಆಕೆಯನ್ನು ಮೈಸೂರಿನ ಹಾಸ್ಟೆಲಿಗೂ ಸಿ.ಪಿ.ಎಡ್. ತರಬೇತಿಗೂ ಮುಟ್ಟಿಸಿದವು. ಮೊದಲು ಪಿರಿಯಾಪಟ್ಟಣದ ಕಡೆ ಏಳು ವರ್ಷ, ಆಮೇಲೆ ಹುಣಸೂರಿನ ಸರ್ಕಾರಿ ಪ್ರೌಢಶಾಲೆಯಲ್ಲಿ ದೈಹಿಕ ಶಿಕ್ಷಕಿಯ ಕೆಲಸ. ಗಂಡ ಲಿಂಗರಾಜು ಅದೇ ಊರಿನಲ್ಲಿ ಮೋಟಾರ್ ವೈಂಡಿಂಗ್ ಅಂಗಡಿ ಇಟ್ಟಿದ್ದ. ಸುತ್ತಲ ಹಳ್ಳಿಗಳ ಪಂಪ್‌ಸೆಟ್ ಸುಟ್ಟರೆ ಅವನ ಬಳಿಗೇ ಬರುತ್ತಿತ್ತು. ಮಗಳು ರಮ್ಯಾ ಒಂಬತ್ತನೇ ತರಗತಿ.

ಬ್ಯಾಂಕಿನ ಕಾರ್ಡು ಅವರ ಕೈಗೆ ಬಂದದ್ದು ಎರಡು ಸಾವಿರದ ನಾಲ್ಕನೇ ಇಸವಿಯಲ್ಲಿ. ಟೈ ಕಟ್ಟಿದ್ದ ಏಜೆಂಟನೊಬ್ಬ ಸ್ಟಾಫ್ ರೂಮಿಗೆ ಬಂದು, ಸರ್ಕಾರಿ ಸಂಬಳದವರಿಗೆ ಕಾರ್ಡು ಪುಕ್ಕಟೆ ಎಂದು ಫಾರಂ ಹಂಚಿದ್ದ. ಆರು ಜನ ಸಹಿ ಹಾಕಿದರು. ಐದು ಜನ ಕಾರ್ಡನ್ನು ಬೀರುವಿನಲ್ಲಿ ಸೀರೆಯ ಮಡಿಕೆಯೊಳಗೆ ಮಲಗಿಸಿದರು. ಬಳಸಿದವರು ಸಿದ್ದಲಿಂಗಮ್ಮ ಒಬ್ಬರೇ. ಅದಕ್ಕೆ ಕಾರಣವೂ ಇತ್ತು. ಶಾಲೆಯ ಕ್ರೀಡಾ ಅನುದಾನ ಬರುವುದು ಮಾರ್ಚಿನಲ್ಲಿ, ಪಂದ್ಯ ನಡೆಯುವುದು ಆಗಸ್ಟಿನಲ್ಲಿ. ಬರಿಗಾಲಿನಲ್ಲಿ ಓಡುವ ಹುಡುಗಿಯರಿಗೆ ಬೂಟು ಕೊಡಿಸಬೇಕೆಂದರೆ ಮಾರ್ಚಿನವರೆಗೆ ಯಾರು ಕಾಯುತ್ತಾರೆ? ಮೈಸೂರಿಗೆ ಹೋಗಿ ಕಾರ್ಡು ಉಜ್ಜಿ ತರುತ್ತಿದ್ದರು, ಸಂಬಳ ಬಂದಾಗ ಕಟ್ಟುತ್ತಿದ್ದರು.

ಎರಡು ಸಾವಿರದ ಆರರ ಸೆಪ್ಟೆಂಬರ್ ಮೊದಲ ವಾರ ಅಂಚೆಯವನು ಬ್ಯಾಂಕಿನ ಲಕೋಟೆ ಕೊಟ್ಟು ಹೋದ. ಶಾಲೆಯಿಂದ ಬಂದ ಸಿದ್ದಲಿಂಗಮ್ಮ ಜಗುಲಿಯಲ್ಲೇ ಕೂತು ಒಡೆದರು. ಸ್ಟೇಟ್‌ಮೆಂಟಿನಲ್ಲಿ ಮೂರು ಸಾಲು. ಮೊದಲನೆಯದು ಗೌರಿ ಹಬ್ಬಕ್ಕೆ ತಂದ ಸೀರೆ, ಸರಿ. ಎರಡನೆಯದು ಎಂ.ಕೆ. ಎಂಟರ್‌ಪ್ರೈಸಸ್, ಸಾವಿರದ ನೂರ ನಲವತ್ತು ರೂಪಾಯಿ. ಮೂರನೆಯದು ಪಿ.ಎಂ. ಟ್ರೇಡರ್ಸ್, ಆಗಸ್ಟ್ ಹತ್ತೊಂಬತ್ತು, ಆರು ಸಾವಿರದ ನಾನೂರ ತೊಂಬತ್ತು. ಈ ಎರಡು ಹೆಸರಿನ ಅಂಗಡಿಗಳನ್ನು ಅವರು ಹುಟ್ಟಿದಾರಭ್ಯ ಕೇಳಿರಲಿಲ್ಲ.

ಅಂಪೈರಿಂಗ್ ಮಾಡಿ ಮಾಡಿ ಒಂದು ಅಭ್ಯಾಸ ಆಗಿಹೋಗಿತ್ತು. ಮೈದಾನದಲ್ಲಿ ಎಷ್ಟೇ ಗಲಾಟೆ ಎದ್ದರೂ ಮೊದಲು ಗೆರೆ ನೋಡಬೇಕು, ಆಮೇಲೆ ಸೀಟಿ ಊದಬೇಕು. ಕೈಚೀಲವನ್ನು ಜಗುಲಿಯ ಮೇಲೆ ಬೋರಲು ಹಾಕಿದರು. ಕುಂಕುಮದ ಡಬ್ಬಿ, ಬಸ್ ಟಿಕೆಟು, ಸ್ಟಾಪ್‌ವಾಚು, ಮೊಣಕಾಲಿನ ನೋವಿನ ಮುಲಾಮು, ಅವುಗಳ ಮಧ್ಯೆ ಮಡಿಸಿ ಮುದುರಿದ ತೆಳು ಚೀಟಿಗಳು. ಬೂಟು ಕೊಂಡ ಚೀಟಿಯನ್ನು ಬಿಡಿಸಿ ನೋಡಿದರೆ ಮೇಲೆ ಸಣ್ಣಗೆ 'ಎಂ.ಕೆ. ಎಂಟರ್‌ಪ್ರೈಸಸ್' ಎಂದೇ ಅಚ್ಚಾಗಿತ್ತು! ಅಂಗಡಿಯ ಬೋರ್ಡಿನ ಮೇಲೆ ಆಟದ ಸಾಮಾನಿನ ಅಂಗಡಿ ಎಂದು ಬೇರೇನೋ ಹೆಸರು, ಕಾರ್ಡಿನ ಲೆಕ್ಕಕ್ಕೆ ಇನ್ನೊಂದು ಹೆಸರು.

"ಅಯ್ಯೋ, ನಾನೇ ತಂದ ಬೂಟು ಕಣೆ ಇದು! ಸುಮ್ನೆ ಎದೆ ಒಡ್ಕಂಡೆ" ಎಂದು ಮಗಳ ಮುಂದೆ ನಕ್ಕರು. ಪಿ.ಎಂ. ಟ್ರೇಡರ್ಸ್ ಕೂಡ ಹೀಗೇ ಎಲ್ಲಿಂದಲೋ ಎದ್ದು ಬರುತ್ತದೆ ಎಂದು ಉಳಿದ ಚೀಟಿಗಳನ್ನೆಲ್ಲ ಒಂದೊಂದಾಗಿ ಬಿಡಿಸಿದರು. ಅದು ಬರಲಿಲ್ಲ. ಅಷ್ಟು ದೊಡ್ಡ ಮೊತ್ತದ ಸಾಮಾನು ತಂದು ಮರೆಯುವಷ್ಟು ಶ್ರೀಮಂತಿಕೆಯೂ ಅವರದಲ್ಲ.

ಮಾರನೆಯ ದಿನ ಸ್ಟಾಫ್ ರೂಮಿನಲ್ಲಿ ವಿಷಯ ತೆಗೆದಾಗ ಇಂಗ್ಲಿಷ್ ಮೇಷ್ಟ್ರು ರುದ್ರಸ್ವಾಮಿ ತಲೆ ಅಲ್ಲಾಡಿಸಿದರು. "ಕಟ್‌ಬಿಟ್ಟು ಸುಮ್ನಾಗಿ ಮೇಡಂ. ಬ್ಯಾಂಕಿನೋರ ಹತ್ರ ವಾದ ಮಾಡಿ ಗೆದ್ದೋರನ್ನ ನಾನು ನೋಡಿಲ್ಲ. ಬಡ್ಡಿ ಮೇಲೆ ಬಡ್ಡಿ ಹಾಕಿ ಅರೆದುಬಿಡ್ತಾರೆ."

"ನಾನ್ ತಗೊಂಡಿದ್ರೆ ಕಟ್ತೀನಿ ಸಾರ್. ತಗೊಂಡಿಲ್ಲ ಅಂದ್ರೆ ಯಾಕ್ ಕಟ್ಲಿ?"

ಮನೆಗೆ ಬಂದು ಕಾರ್ಡಿನ ಬೆನ್ನಿಗಿದ್ದ ನಂಬರಿಗೆ ಫೋನ್ ಮಾಡಿದರು. ಇಂಗ್ಲಿಷಿನಲ್ಲಿ ಒಂದು ಒತ್ತಿ ಎರಡು ಒತ್ತಿ ಎಂದು ಹೇಳುತ್ತಾ ಹೇಳುತ್ತಾ ಲೈನು ಎರಡು ಸಲ ಕಟ್ಟಾಯಿತು. ಮೂರನೇ ಸಲ ಒಂದು ಹೆಣ್ಣು ದನಿ ಇಂಗ್ಲಿಷಿನಲ್ಲಿ ಶುರು ಮಾಡಿತು. ಸಿದ್ದಲಿಂಗಮ್ಮನವರು ತಡವರಿಸಿದ್ದನ್ನು ಕೇಳಿ, "ಪರವಾಗಿಲ್ಲ, ಕನ್ನಡದಲ್ಲೇ ಹೇಳಿ ಮೇಡಂ. ನನ್ನ ಹೆಸರು ಶಾಂತಲಾ" ಎಂದಿತು. ಆ ಒಂದು ಮಾತಿಗೆ ಅರ್ಧ ಭಾರ ಇಳಿದಂತಾಯಿತು.

ಶಾಂತಲಾ ಅಲ್ಲೇ ಕಾರ್ಡನ್ನು ನಿಲ್ಲಿಸಿದಳು. ತಕರಾರಿಲ್ಲದ ಎರಡು ಸಾಲಿನ ಹಣವನ್ನು ಗಡುವಿನೊಳಗೆ ಕಟ್ಟಿಬಿಡಿ ಎಂದಳು. ಮೂರನೆಯದಕ್ಕೆ ತಿಂಗಳೊಳಗೆ ಸಹಿ ಹಾಕಿದ ತಕರಾರು ಪತ್ರ ಕಳಿಸಬೇಕು. ಆಮೇಲೆ ಕಂಪ್ಯೂಟರಿನಲ್ಲಿ ನೋಡಿ ಅಂಗಡಿಯ ವಿವರ ಹೇಳಿದಳು. ಮೈಸೂರಿನ ಬಸ್ ಸ್ಟ್ಯಾಂಡಿನ ಹಿಂದಿನ ರಸ್ತೆ, ಮೊಬೈಲ್ ಫೋನಿನ ಅಂಗಡಿ, ಸಂಜೆ ನಾಲ್ಕೂ ಮುಕ್ಕಾಲು.

"ಒಂದು ವಿಷಯ ಮೇಡಂ. ಮನೇಲಿ ಬೇರೆ ಯಾರಾದ್ರೂ ಕಾರ್ಡ್ ತಗೊಂಡು ಹೋಗಿದ್ರಾ ಅಂತ ಮೊದಲು ವಿಚಾರಿಸಿ. ಎಷ್ಟೋ ಸಲ ಹಾಗಾಗಿರುತ್ತೆ."

ಫೋನಿಟ್ಟು ಗೋಡೆಯ ಕ್ಯಾಲೆಂಡರ್ ನೋಡಿದರು. ಆಗಸ್ಟ್ ಹತ್ತೊಂಬತ್ತರ ಚೌಕದಲ್ಲಿ ತಮ್ಮದೇ ಕೈಬರಹ: 'ಹೊಸ ಅಗ್ರಹಾರ'. ಕೆ.ಆರ್. ನಗರ ತಾಲ್ಲೂಕಿನ ಆ ಊರಿನಲ್ಲಿ ಹೋಬಳಿ ಮಟ್ಟದ ಪಂದ್ಯಕ್ಕೆ ಅಂಪೈರು ಸಾಲದೆ, ಅಲ್ಲಿನ ಟೀಚರು ಚಿಕ್ಕಬೀರಮ್ಮ ಇವರನ್ನು ಕರೆಸಿಕೊಂಡಿದ್ದರು. ಬೆಳಗ್ಗೆಯಿಂದ ಸಂಜೆ ಐದೂವರೆಯವರೆಗೆ ಕಂಬದಿಂದ ಕಂಬಕ್ಕೆ ಓಡಿದ್ದೇ ಓಡಿದ್ದು. ಮೈದಾನಕ್ಕೆ ಹೋಗುವಾಗ ಅವರು ಕೈಚೀಲ ಒಯ್ಯುವವರಲ್ಲ. ಸೀಟಿ, ಟವೆಲು, ಬಸ್ಸಿನ ಚಿಲ್ಲರೆ, ಅಷ್ಟೇ. ಅಂದರೆ ಕಾರ್ಡು ಆ ದಿನ ಮನೆಯಲ್ಲಿತ್ತು.

ಮನೆಯಲ್ಲಿ ಲಿಂಗರಾಜು ಇದ್ದ. ಆಗಸ್ಟಿನ ಕೊನೆಯಲ್ಲೇ ಅಲ್ಲವೇ ಅವನು ಜೇಬಿನಲ್ಲಿ ಮೊಬೈಲ್ ಇಟ್ಟುಕೊಂಡು ಓಡಾಡಲು ಶುರು ಮಾಡಿದ್ದು?

ಬೇಡ ಬೇಡವೆಂದರೂ ಆ ಯೋಚನೆ ತಲೆಯಲ್ಲಿ ಬೇರು ಬಿಟ್ಟಿತು. ಸಂಜೆ ವಾರ್ನಿಶ್ ವಾಸನೆಯ ಕೈಗಳನ್ನು ಸೀಗೆಪುಡಿ ಹಾಕಿ ತೊಳೆದು ಊಟಕ್ಕೆ ಕೂತವನ ಮುಂದೆ ಮುದ್ದೆ ಇಟ್ಟು ಕೇಳಿಯೇಬಿಟ್ಟರು.

"ಏನೂಂದ್ರೆ, ಆ ಫೋನು ಎಲ್ಲಿ ತಗಂಡ್ರಿ?"

"ಅವತ್ತೇ ಹೇಳಿದ್ನಲ್ಲ. ಗದ್ದಿಗೆ ಊರ್ ಕಡೆ ಗಿರಾಕಿ ಒಬ್ಬ ಮೋಟ್ರು ಕಟ್ಟಿಸ್ಕಂಡಿದ್ದ. ಕಾಸಿಲ್ಲ ಅಂದ್ಬುಟ್ಟು ಇದನ್ನ ಕೊಟ್ಟ."

"ನಿಜ ಹೇಳ್ರಿ. ನನ್ ಕಾರ್ಡ್ ಏನಾರ ತಗಂಡೋಗಿದ್ರಾ?"

ಲಿಂಗರಾಜುವಿನ ಕೈ ಸಾರಿನ ತಟ್ಟೆಯಲ್ಲೇ ನಿಂತಿತು. ಅವನು ಕೂಗಾಡುವ ಜಾತಿಯ ಮನುಷ್ಯನಲ್ಲ. "ಮದ್ವೆಯಾಗಿ ಹದ್ನಾರು ವರ್ಷಾಯ್ತು ಸಿದ್ದಿ. ಒಂದಿನ ನಿನ್ ಚೀಲದ ಜಿಪ್ಪು ಎಳ್ದಿದ್ದೀನಾ?" ಎಂದಷ್ಟೇ ಕೇಳಿದ. ರಮ್ಯಾ ಅಪ್ಪನ ಮುಖವನ್ನೊಮ್ಮೆ ಅಮ್ಮನ ಮುಖವನ್ನೊಮ್ಮೆ ನೋಡಿ ತಲೆ ತಗ್ಗಿಸಿದಳು. ದಿನವೂ ಸಾರಿಗೆ ಉಪ್ಪು ಸಾಲದು ಎನ್ನುತ್ತಿದ್ದವನು ಅವತ್ತು ಅದನ್ನೂ ಹೇಳದೆ ಉಂಡೆದ್ದ.

ಬೆಳಗ್ಗೆ ಸಿದ್ದಲಿಂಗಮ್ಮ ಶಾಲೆಗೆ ಹೊರಡುವ ಹೊತ್ತಿಗೆ ಅವನು ಬಾಗಿಲಲ್ಲಿ ಬಿಳಿ ಶರ್ಟು ಹಾಕಿಕೊಂಡು ನಿಂತಿದ್ದ. ಮದುವೆ ಮುಂಜಿಗಳಿಗೆ ಮಾತ್ರ ಹೊರಬರುವ ಶರ್ಟು.

"ರಜಾ ಹಾಕು. ಮೈಸೂರಿಗೆ ಹೋಗುವ. ಆ ಅಂಗಡಿಯೋನ ಮುಂದೆ ನನ್ನ ನಿಲ್ಲಿಸು. ಅವ್ನೇ ಹೇಳ್ಲಿ ನಾನೋ ಅಲ್ವೋ ಅಂತ."

"ಅಂಗಲ್ಲ ಕಣ್ರೀ..."

"ಅಂಗೇ ಕಣೆ. ನಡಿ."

ಬಸ್ಸಿನಲ್ಲಿ ಅಕ್ಕಪಕ್ಕ ಕೂತರೂ ಇಬ್ಬರ ನಡುವೆ ಕೈಚೀಲ ಕೂತಿತ್ತು. ಬಿಳಿಕೆರೆ ದಾಟಿತು, ಇಲವಾಲ ದಾಟಿತು. ಕೇಳಿದ್ದು ತಪ್ಪೋ, ಕೇಳದೆ ಇದ್ದಿದ್ದರೆ ತಪ್ಪಾಗುತ್ತಿತ್ತೋ ಎಂದು ಸಿದ್ದಲಿಂಗಮ್ಮನವರಿಗೆ ತಿಳಿಯಲಿಲ್ಲ. ಕಿಟಕಿಯಾಚೆ ಹೊಗೆಸೊಪ್ಪಿನ ಹೊಲಗಳು ಓಡುತ್ತಿದ್ದವು. ಅವರ ಕಣ್ಣಿಗೆ ಒಂದೂ ಬೀಳಲಿಲ್ಲ.

ಬಸ್ ಸ್ಟ್ಯಾಂಡಿನ ಹಿಂದಿನ ರಸ್ತೆಯಲ್ಲಿ ಪಿ.ಎಂ. ಟ್ರೇಡರ್ಸ್ ಎಂಬ ಬೋರ್ಡೇ ಇರಲಿಲ್ಲ. ಈ ತುದಿಯಿಂದ ಆ ತುದಿಗೆ ಎರಡು ಸಲ ನಡೆದರು. ಬೂಟಿನ ಚೀಟಿ ನೆನಪಾಗಿ, ಸಿದ್ದಲಿಂಗಮ್ಮ ಮೊಬೈಲ್ ಅಂಗಡಿಗಳ ಬೋರ್ಡಿನ ಕೆಳಗಿನ ಸಣ್ಣ ಅಕ್ಷರ ಓದತೊಡಗಿದರು. 'ಮಲ್ಲಿಗೆ ಮೊಬೈಲ್ಸ್' ಎಂದು ದೊಡ್ಡದಾಗಿ ಬರೆದ ಬೋರ್ಡಿನ ಮೂಲೆಯಲ್ಲಿ, ಬಣ್ಣ ಮಾಸಿದ ಜಾಗದಲ್ಲಿ ಸಿಕ್ಕಿತು ಆ ಹೆಸರು.

ಒಳಗೆ ಗಲ್ಲಾದ ಹಿಂದೆ ವಿಭೂತಿ ಇಟ್ಟುಕೊಂಡ ಐವತ್ತರ ಆಸುಪಾಸಿನ ಮನುಷ್ಯ ಕೂತಿದ್ದರು. ಮಾಲೀಕ ಪುಟ್ಟಮಲ್ಲಪ್ಪ. ಮೊದಲು ಕೈಗಡಿಯಾರ ರಿಪೇರಿ ಮಾಡುತ್ತಿದ್ದು, ಈಚೆಗೆ ಮೊಬೈಲಿಗೆ ಇಳಿದವರು. ಲಿಂಗರಾಜು ನೆಟ್ಟಗೆ ಹೋಗಿ ತನ್ನ ಫೋನನ್ನು ಗಾಜಿನ ಮೇಲಿಟ್ಟ.

"ಯಜಮಾನ್ರೇ, ಇದು ನಿಮ್ ಅಂಗಡಿದಾ? ನಾನು ಇಲ್ಲಿಗೆ ಬಂದಿದ್ನಾ? ಸರ್ಯಾಗಿ ಮುಖ ನೋಡಿ ಹೇಳಿ."

ಪುಟ್ಟಮಲ್ಲಪ್ಪ ಗಾಬರಿಯಾಗಿ ಮುಖ ನೋಡಿದರು, ಆಮೇಲೆ ಫೋನನ್ನು ತಿರುಗಿಸಿ ಮುರುಗಿಸಿ ನೋಡಿದರು. "ನಿಮ್ಮನ್ನ ಇವತ್ತೇ ನೋಡ್ತಿರೋದು ಸ್ವಾಮಿ. ಇದು ನಮ್ದಲ್ಲ. ಈ ಮಾಡೆಲ್ ನಿಂತು ಎರಡು ವರ್ಷಾಯ್ತು. ಬಟನ್ ಬೇರೆ ಸವ್ದೋಗವೆ. ಎಷ್ಟು ಕೊಟ್ರಿ?"

"ಎರಡು ಸಾವ್ರದ ಕೆಲ್ಸಕ್ಕೆ ಬದ್ಲು ಇಸ್ಕಂಡೆ."

"ಟೋಪಿ ಬಿತ್ತು ಬುಡಿ ನಿಮ್ಗೆ."

ಸಿದ್ದಲಿಂಗಮ್ಮನವರಿಗೆ ನಗು ಬಂತು, ನಗುತ್ತಿರುವಾಗಲೇ ಕಣ್ಣಲ್ಲಿ ನೀರು ಬಂತು. ಸೆರಗಿನಿಂದ ಒರೆಸಿಕೊಂಡು ಸ್ಟೇಟ್‌ಮೆಂಟನ್ನು ಗಾಜಿನ ಮೇಲೆ ಹರವಿದರು. ಇಂಥ ದಿನ, ಇಂಥ ಹೊತ್ತು, ಇಷ್ಟು ಹಣ. ಆ ಚೀಟಿ ತೋರಿಸಿ ಎಂದರು.

ಪುಟ್ಟಮಲ್ಲಪ್ಪನ ಮುಖ ಬಿಗಿಯಿತು. "ಅದೆಲ್ಲ ಬ್ಯಾಂಕಿನೋರ್ ಕೇಳಿದ್ರೆ ಕೊಡೋದು ಕಣಮ್ಮ. ನಿಮ್ಗೆ ತೋರ್ಸಿದ್ರೆ ನಾಳೆ ನನ್ ಖಾತೆಯಿಂದ ಕಿತ್ಕತಾರೆ. ನಾನು ಫೋನ್ ಕೊಟ್ಟಾಯ್ತು. ನಂದೇನ್ ತಪ್ಪು?"

"ನಾನು ಕಿತ್ಕಳಕ್ಕೆ ಬಂದಿಲ್ಲ ಯಜಮಾನ್ರೇ. ನಾನೇ ಏನಾರ ತಗಂಡು ಮರ್ತಿದ್ದೀನಾ ನೋಡಕ್ಕೆ ಬಂದಿದ್ದೀನಿ. ಚೀಟಿ ಮೇಲೆ ನನ್ ಸಹಿ ಇದ್ರೆ ಇಲ್ಲೇ ಕೈಮುಗ್ದು ಎದ್ದೋಗ್ತೀನಿ."

ಆ ಮಾತಿನಲ್ಲಿ ಜಗಳವಿರಲಿಲ್ಲ. ಪುಟ್ಟಮಲ್ಲಪ್ಪ ಹಿಂದಿನ ಕಪಾಟಿನಿಂದ ಫೈಲು ತೆಗೆದರು. ಚೀಟಿ ಸಿಕ್ಕಿತು. ಕಾರ್ಡಿನ ನಂಬರಿನ ಕೊನೆಯ ಅಂಕೆಗಳು ಇವರವೇ. ಅದರ ಕೆಳಗೆ ಇಂಗ್ಲಿಷಿನಲ್ಲಿ 'ಸಿದ್ದಲಿಂಗಮ್ಮ ಎಂ.' ಎಂದು ಯಂತ್ರವೇ ಅಚ್ಚೊತ್ತಿದ ಹೆಸರು. ಇನ್ನೂ ಕೆಳಗೆ ಸಹಿ. ಇಂಗ್ಲಿಷಿನ 'ಕೆ' ಅಕ್ಷರ ಒಂದು, ಅದರ ಬಾಲಕ್ಕೆ ಎರೆಹುಳ ಹರಿದಾಡಿದ ಹಾಗೆ ಒಂದು ಗೀಟು.

ಸಿದ್ದಲಿಂಗಮ್ಮ ತಮ್ಮ ಕಾರ್ಡನ್ನು ಬೋರಲು ಮಾಡಿ ಚೀಟಿಯ ಪಕ್ಕದಲ್ಲಿಟ್ಟರು. ಅದರ ಬೆನ್ನಿನ ಬಿಳಿ ಪಟ್ಟಿಯ ಮೇಲೆ ದುಂಡಗೆ ಕನ್ನಡದ ಸಹಿ. ಕಾರ್ಡು ಕೊಟ್ಟಾಗ ಏಜೆಂಟು ಇಂಗ್ಲಿಷಿನಲ್ಲಿ ಸಹಿ ಹಾಕಿದರೆ ಒಳ್ಳೆಯದು ಎಂದಿದ್ದ. ನನ್ನ ಸಂಬಳದ ಪಟ್ಟಿಯಿಂದ ಹಿಡಿದು ಮದುವೆಯ ರಿಜಿಸ್ಟರಿನವರೆಗೆ ಇದೇ ಸಹಿ, ಇದಕ್ಕೊಂದು ಬೇರೆ ಸಹಿ ಕಲಿಯಲೇ ಎಂದು ಇವರು ಒಪ್ಪಿರಲಿಲ್ಲ.

"ಫೋನ್ ತಗಂಡೋರು ಹೆಂಗಸಾ?"

"ಗಂಡಸು ಕಣಮ್ಮ" ಎಂದರು ಪುಟ್ಟಮಲ್ಲಪ್ಪ ನಿಧಾನವಾಗಿ. "ಕಪ್ಪು ಜರ್ಕಿನ್ನು, ಒಳ್ಳೆ ಮಾತುಗಾರ. ಅವನ್ ಕೈಲಿ ಕಾರ್ಡಿತ್ತು, ಹಿಂದೆ ಇದೇ ಸಹಿ ಇತ್ತು. ತಾಳೆ ನೋಡಿದೆ."

"ಚೀಟೀಲಿರೋ ಹೆಸ್ರು ನೋಡ್ಲಿಲ್ವಾ?"

ಪುಟ್ಟಮಲ್ಲಪ್ಪ ಕನ್ನಡಕ ತೆಗೆದು ಮತ್ತೆ ಹಾಕಿಕೊಂಡರು. "ದುಡ್ಡು ಸರಿಯಾಗಿ ಬಂತಾ ಅಂತ ನೋಡ್ದೆ. ಹೆಸ್ರು ಯಾರು ಓದ್ತಾರವ್ವ?"

ಆಮೇಲೆ ಏನು ಹೊಳೆಯಿತೋ, ಯಾರೂ ಕೇಳದಿದ್ದರೂ ಅವರೇ ಆ ತಿಂಗಳ ಚೀಟಿಗಳನ್ನೆಲ್ಲ ಒಂದೊಂದಾಗಿ ಮಗುಚತೊಡಗಿದರು. ಎರಡು ಕಡೆ ಕೈ ನಿಂತಿತು. ಒಂದು ಜಯಲಕ್ಷ್ಮಮ್ಮ ಪಿ. ಎಂಬ ಹೆಸರಿನದು, ಇನ್ನೊಂದು ಯಾರೋ ಗಂಡಸಿನದು. ಹೆಸರು ಬೇರೆ ಬೇರೆಯಾದರೂ ಅಡಿಯಲ್ಲಿ ಹರಿದಿದ್ದದ್ದು ಅದೇ ಎರೆಹುಳ. ಪುಟ್ಟಮಲ್ಲಪ್ಪನ ಹಣೆಯ ವಿಭೂತಿ ಬೆವರಿಗೆ ಕರಗಿತು. ಸಿದ್ದಲಿಂಗಮ್ಮ ಚೀಲದಿಂದ ನೀರಿನ ಬಾಟಲಿ ತೆಗೆದು ಮುಚ್ಚಳ ಬಿಚ್ಚಿ ಅವರ ಕೈಗಿತ್ತರು.

"ಮೂರು ಸೆಟ್ಟು ಅಣ್ಣ" ಎಂದರು ಪುಟ್ಟಮಲ್ಲಪ್ಪ ಲಿಂಗರಾಜುವಿನ ಕಡೆ ತಿರುಗಿ. "ಮೂರೂ ಸಲ ಬಂದಾಗ ನಾನೇ ಟೀ ತರಿಸಿಕೊಟ್ಟಿದ್ದೀನಿ ಅವ್ನಿಗೆ."

"ಕಂಪ್ಲೇಂಟ್ ಕೊಡಿ ಯಜಮಾನ್ರೇ. ನಾವೂ ಜೊತೇಲಿ ಬತ್ತೀವಿ" ಎಂದ ಲಿಂಗರಾಜು.

ಮೂವರೂ ಠಾಣೆಗೆ ಹೋದರು. ಅಲ್ಲಿ ಎರಡು ಗಂಟೆ ಬೆಂಚು ಕಾಯಬೇಕಾಯಿತು. ಬರೆದುಕೊಳ್ಳುವ ಪೊಲೀಸರಿಗೆ ಒಬ್ಬನೇ ಮನುಷ್ಯ ಮೂವರ ಕಾರ್ಡು ಉಜ್ಜಿದ್ದಾನೆ ಎನ್ನುವುದನ್ನು ತಿಳಿಸುವಷ್ಟರಲ್ಲಿ ಸಾಕುಬೇಕಾಯಿತು. ಕಾರ್ಡಿನ ಕಪ್ಪು ಪಟ್ಟಿಯಲ್ಲಿರುವುದನ್ನು ನಕಲು ಮಾಡುವ ಯಂತ್ರವಿದೆ, ಕಣ್ಣಿಗೆ ಕಾಣದ ಕಡೆ ಕಾರ್ಡು ಒಯ್ದರೆ ಒಂದು ನಿಮಿಷದ ಕೆಲಸ ಎಂದು ಒಬ್ಬ ಇನ್ಸ್‌ಪೆಕ್ಟರು ಹೇಳಿದರು. ಎಲ್ಲಿ ನಕಲಾಯಿತೋ ಸಿದ್ದಲಿಂಗಮ್ಮನವರಿಗೆ ಕೊನೆಗೂ ತಿಳಿಯಲಿಲ್ಲ. ಹೊರಡುವ ಮುಂಚೆ ಪುಟ್ಟಮಲ್ಲಪ್ಪ ತಾವಾಗಿಯೇ ಆ ಚೀಟಿಯ ಜೆರಾಕ್ಸ್ ಮಾಡಿಸಿ ಕೊಟ್ಟರು.

ವಾಪಸು ಬರುವಾಗ ಬಸ್ಸಿನಲ್ಲಿ ಸಿದ್ದಲಿಂಗಮ್ಮ ಚೀಲವನ್ನು ಮಡಿಲಿಗೆ ತೆಗೆದುಕೊಂಡರು. "ತಪ್ಪಾಯ್ತು ಕಣ್ರೀ."

ಲಿಂಗರಾಜು ಕಿಟಕಿಯ ಆಚೆ ನೋಡುತ್ತಲೇ ಹೇಳಿದ: "ಎರಡು ದಿನ ನನ್ನ ಮಾತಾಡಿಸ್ಬ್ಯಾಡ. ಆಮೇಲೆ ಸರಿಹೋಯ್ತೀನಿ."

ಬಿಳಿಕೆರೆಯಲ್ಲಿ ಬಸ್ಸು ನಿಂತಾಗ ಕಡಲೆಕಾಯಿ ಕೊಂಡು, ಪೊಟ್ಟಣವನ್ನು ಅವರ ಕಡೆಗೆ ಸರಿಸಿದ. ರಾತ್ರಿ ಊಟಕ್ಕೆ ಕೂತವನು ಒಂದು ತುತ್ತು ಬಾಯಿಗಿಟ್ಟು, "ಉಪ್ಪು" ಎಂದ. ರಮ್ಯಾ ಓಡಿಹೋಗಿ ಉಪ್ಪಿನ ಭರಣಿ ತಂದಿಟ್ಟಳು.

ತಕರಾರು ಪತ್ರವನ್ನು ಸಿದ್ದಲಿಂಗಮ್ಮ ಕನ್ನಡದಲ್ಲಿ ಎರಡು ಪುಟ ಬರೆದರು. ರುದ್ರಸ್ವಾಮಿ ಮೇಷ್ಟ್ರಿಗೆ ತೋರಿಸಿದಾಗ ಅವರು ಕಟ್ಟಿಬಿಡಿ ಎಂಬ ಮಾತನ್ನು ಮತ್ತೆ ಎತ್ತಲಿಲ್ಲ. ಚೀಟಿಯ ಜೆರಾಕ್ಸನ್ನು ಬಹಳ ಹೊತ್ತು ನೋಡಿ, ಕೆಂಪು ಪೆನ್ನು ತೆಗೆದು, ಎರಡು ಪಿರಿಯಡ್ ಕೂತು ಇಂಗ್ಲಿಷಿಗೆ ತಂದುಕೊಟ್ಟರು. ಹೊಸ ಅಗ್ರಹಾರದಿಂದ ಚಿಕ್ಕಬೀರಮ್ಮ ಆ ದಿನದ ಸ್ಕೋರ್ ಶೀಟಿನ ಪ್ರತಿಯನ್ನು ಅಂಚೆಗೆ ಹಾಕಿದರು. ಪ್ರತಿ ಪಂದ್ಯದ ಕೆಳಗೂ ವೇಳೆ, ಅಂಪೈರಿನ ಸಹಿ. ಪೊಲೀಸು ದೂರಿನ ಪ್ರತಿಯೂ ಸೇರಿ ಎಲ್ಲವನ್ನೂ ಪಿನ್ನು ಹೊಡೆದು ರಿಜಿಸ್ಟರ್ ಪೋಸ್ಟ್ ಮಾಡಿದರು.

ಮೂರು ವಾರಕ್ಕೆ ಉತ್ತರ ಬಂತು. ಕಾರ್ಡು ನಿಮ್ಮ ಬಳಿಯೇ ಇತ್ತು, ಚೀಟಿಗೆ ಸಹಿಯೂ ಬಿದ್ದಿದೆ, ಆದ್ದರಿಂದ ಹಣ ನೀವೇ ಕಟ್ಟತಕ್ಕದ್ದು ಎಂದು ನಾಲ್ಕು ಸಾಲು. ಅಕ್ಟೋಬರಿನ ಸ್ಟೇಟ್‌ಮೆಂಟಿನಲ್ಲಿ ತಡವಾದದ್ದಕ್ಕೆ ದಂಡ, ಅದರ ಮೇಲೆ ಬಡ್ಡಿ. ಆ ಸಂಜೆ ಸಿದ್ದಲಿಂಗಮ್ಮ ಅಭ್ಯಾಸಕ್ಕೆ ಬಂದ ಹುಡುಗಿಯರನ್ನು ಸುಮ್ಮಸುಮ್ಮನೆ ಬೈದರು. ಬೈಸಿಕೊಂಡ ಒಬ್ಬಳು ಕಂಬದ ಹತ್ತಿರ ಮುಖ ಊದಿಸಿಕೊಂಡು ನಿಂತದ್ದನ್ನು ನೋಡಿ ನಾಚಿಕೆಯಾಯಿತು. ಅವಳನ್ನು ಕರೆದು ಬೆನ್ನು ತಟ್ಟಿ ಕಳಿಸಿದ ಮೇಲೆ, ಮೈದಾನದ ಕಲ್ಲಿನ ಮೇಲೆ ಕೂತು ಬ್ಯಾಂಕಿನ ಕಾಗದವನ್ನು ಮತ್ತೆ ಓದಿದರು. ಸ್ಕೋರ್ ಶೀಟಿನ ಮಾತಿಲ್ಲ, ಕನ್ನಡ ಸಹಿಯ ಮಾತಿಲ್ಲ, ಪೊಲೀಸು ದೂರಿನ ಮಾತಿಲ್ಲ. ಇವರು ನನ್ನ ಪತ್ರದ ಮೊದಲ ಪುಟ ಬಿಟ್ಟು ಏನೂ ಓದಿಲ್ಲ ಎಂಬುದು ಅವರಿಗೆ ಸ್ಪಷ್ಟವಾಯಿತು. ಓದದೆ ಇಲ್ಲವೆಂದವರಿಗೆ ಓದಿಸಿದರಾಯಿತು!

ಮತ್ತೆ ಫೋನು. ಮೊದಲ ದಿನ ಯಾರೋ ಹಿಂದಿಯವರು, ಎರಡನೇ ದಿನ ಬರೀ ಸಂಗೀತ. ಮೂರನೇ ದಿನ ಶಾಂತಲಾಳ ದನಿ. ಅವಳು ಕಂಪ್ಯೂಟರಿನಲ್ಲಿ ನೋಡಿ, ದನಿ ತಗ್ಗಿಸಿ, "ಮೇಡಂ, ಇದನ್ನ ಇಲ್ಲಿಗೆ ಬಿಡಬೇಡಿ. ದೂರು ನೋಡೋ ಮೇಲಿನ ಅಧಿಕಾರಿ ಒಬ್ಬರಿದ್ದಾರೆ, ಅವರ ಫ್ಯಾಕ್ಸ್ ನಂಬರ್ ಬರ್ಕೊಳ್ಳಿ" ಎಂದಳು. ಬಸ್ ಸ್ಟ್ಯಾಂಡಿನ ಎದುರಿನ ಜೆರಾಕ್ಸ್ ಅಂಗಡಿಯಿಂದ ಹನ್ನೊಂದು ಹಾಳೆ ಫ್ಯಾಕ್ಸ್ ಹೋದವು. ಮೊದಲ ಹಾಳೆಯ ಮೇಲೆ ರುದ್ರಸ್ವಾಮಿ ಮೇಷ್ಟ್ರು ದೊಡ್ಡದಾಗಿ, ದಯವಿಟ್ಟು ಹನ್ನೊಂದನ್ನೂ ಓದಿ ಎಂದು ಇಂಗ್ಲಿಷಿನಲ್ಲಿ ಬರೆದಿದ್ದರು.

ವಾರ ಕಳೆದು ಒಂದು ಮಧ್ಯಾಹ್ನ ಬ್ಯಾಂಕಿನ ಆ ಅಧಿಕಾರಿಯಿಂದ ಮನೆಗೆ ಫೋನ್ ಬಂತು.

"ಮಿಸ್ಟರ್ ಸಿದ್ದಲಿಂಗಮ್ಮ ಅವರಾ?" ಗಂಡು ದನಿ, ಬೆಂಗಳೂರಿನ ಕನ್ನಡ.

ಸಿದ್ದಲಿಂಗಮ್ಮ, "ನೋಡಿ ಸಾರ್, ನೀವೂ ಹೆಸ್ರು ಓದ್ಲಿಲ್ಲ" ಎಂದರು.

ಆ ಕಡೆ ಕಾಗದ ಮಗುಚುವ ಸದ್ದು. ಆಮೇಲೆ ಸಣ್ಣ ನಗು. "ಕ್ಷಮಿಸಿ ಅಮ್ಮ. ಈಗ ಓದ್ತಾ ಇದ್ದೀನಿ." ಆತ ಹತ್ತು ನಿಮಿಷ ಒಂದೊಂದೇ ಹಾಳೆ ಹಿಡಿದು ಪ್ರಶ್ನೆ ಕೇಳಿದರು, ಇವರು ಉತ್ತರ ಹೇಳಿದರು. ಹೊಸ ಅಗ್ರಹಾರದ ಫೈನಲ್ಲಿನಲ್ಲಿ ಗೆದ್ದವರು ಯಾರು ಎಂಬುದನ್ನೂ ಆತ ಕೇಳಿದ್ದು ತನಿಖೆಗೋ ಕುತೂಹಲಕ್ಕೋ ಗೊತ್ತಾಗಲಿಲ್ಲ.

ನವೆಂಬರಿನ ಸ್ಟೇಟ್‌ಮೆಂಟಿನಲ್ಲಿ ಪಿ.ಎಂ. ಟ್ರೇಡರ್ಸ್ ಎಂಬ ಸಾಲು ಮತ್ತೆ ಬಂತು. ಈ ಸಲ ಅದರ ಮುಂದೆ ಹಣ ಜಮಾ ಆದ ಗುರುತಿತ್ತು. ದಂಡವೂ ಬಡ್ಡಿಯೂ ಅಳಿಸಿಹೋಗಿದ್ದವು. ಸಿದ್ದಲಿಂಗಮ್ಮ ಆ ಹಾಳೆಯನ್ನು ಸ್ಟಾಫ್ ರೂಮಿಗೆ ಒಯ್ದು ರುದ್ರಸ್ವಾಮಿ ಮೇಷ್ಟ್ರ ಮೇಜಿನ ಮೇಲಿಟ್ಟರು. ಅವರು ಎರಡು ಸಲ ಓದಿ, "ಗೆದ್ದೋರನ್ನ ಈಗ ನೋಡಿದ ಹಾಗಾಯ್ತು" ಎಂದು ಎದ್ದು ನಿಂತು ಕೈಕುಲುಕಿದರು. ಸಾಯಂಕಾಲ ಎಲ್ಲರಿಗೂ ಅವರದೇ ಖರ್ಚಿನಲ್ಲಿ ಮಸಾಲೆ ದೋಸೆ.

ಒಂದೇ ಒಂದು ಮುಳ್ಳು ಉಳಿದಿತ್ತು. ಬ್ಯಾಂಕು ಆ ಹಣವನ್ನು ಪುಟ್ಟಮಲ್ಲಪ್ಪನ ಖಾತೆಯಿಂದ ಹಿಂದಕ್ಕೆ ತೆಗೆದುಕೊಂಡಿತ್ತು. ಸಿದ್ದಲಿಂಗಮ್ಮ ಸಂಕೋಚದಿಂದಲೇ ಫೋನ್ ಮಾಡಿದಾಗ ಆತ ಬೈಯಲಿಲ್ಲ. ಆ ಜರ್ಕಿನ್ನಿನವನು ಬೇರೆ ಊರಿನಲ್ಲಿ ಸಿಕ್ಕಿಬಿದ್ದಿದ್ದಾನಂತೆ, ಒಂದು ಸೆಟ್ಟು ವಾಪಸು ಬರಬಹುದಂತೆ. "ಈಗ ಹೆಸ್ರು ಗಟ್ಟಿಯಾಗಿ ಓದಿ, ಮುಖ ನೋಡಿ, ಆಮೇಲೆ ಫೋನ್ ಕೊಡ್ತೀನಿ ಕಣಮ್ಮ. ಗಿರಾಕಿಗಳು ನಗ್ತಾರೆ, ನಗ್ಲಿ ಬುಡಿ" ಎಂದರು. ಆ ವರ್ಷ ಶಾಲೆಯ ನಾಲ್ಕು ಜನ ಮೊಬೈಲ್ ಕೊಂಡರು. ನಾಲ್ವರನ್ನೂ ಸಿದ್ದಲಿಂಗಮ್ಮ ಅದೇ ಅಂಗಡಿಗೆ ಕಳಿಸಿದರು.

ಡಿಸೆಂಬರಿನಲ್ಲಿ ಪುಟ್ಟಮಲ್ಲಪ್ಪನಿಂದ ನಂಬರು ತೆಗೆದುಕೊಂಡು ಪಿರಿಯಾಪಟ್ಟಣದಿಂದ ಒಬ್ಬರು ಫೋನ್ ಮಾಡಿದರು. ಜಯಲಕ್ಷ್ಮಮ್ಮ, ನಿವೃತ್ತ ನರ್ಸು. ಪೊಲೀಸರು ಮನೆಗೆ ಬಂದು ಹೇಳುವವರೆಗೂ ಆಕೆಗೆ ತಮ್ಮ ಕಾರ್ಡು ನಕಲಾಗಿದ್ದು ಗೊತ್ತೇ ಇರಲಿಲ್ಲ. ಸೊಸೆಯೇ ಕಾರ್ಡು ಕದ್ದೊಯ್ದು ಫೋನ್ ಕೊಂಡು ತವರಿಗೆ ಕೊಟ್ಟಿದ್ದಾಳೆ ಎಂದುಕೊಂಡು, ಮರ್ಯಾದೆಗೆ ಅಂಜಿ ತಿಂಗಳು ತಿಂಗಳೂ ಸ್ವಲ್ಪ ಸ್ವಲ್ಪ ಕಟ್ಟುತ್ತಾ, ಸೊಸೆಯ ಜೊತೆ ಮಾತು ಬಿಟ್ಟು ಮೂರು ತಿಂಗಳಾಗಿತ್ತು.

"ಟೈಮು ಮೀರೋಯ್ತಲ್ಲ ಟೀಚರೇ, ಇನ್ನೇನ್ ಬತ್ತದೆ?" ಎಂದು ಆಕೆ ಅತ್ತರು.

"ಪೊಲೀಸ್ರ ಕಾಗ್ದ ಐತಲ್ಲ ಅಕ್ಕ, ಬರ್ದು ನೋಡುವ. ಸ್ಟೇಟ್‌ಮೆಂಟ್ ಎಲ್ಲಾ ತೆಗ್ದಿಡಿ. ಭಾನುವಾರ ನಾನೇ ಬತ್ತೀನಿ."

ಭಾನುವಾರ ಲಿಂಗರಾಜು ತಾನೂ ಬರುತ್ತೇನೆಂದು ಹೊರಟ. ಅಲ್ಲಿ ನಡುಮನೆಯ ಚಾಪೆಯ ಮೇಲೆ ಹಾಳೆಗಳನ್ನು ಹರಡಿಕೊಂಡು ಸಿದ್ದಲಿಂಗಮ್ಮ ಪೆನ್ನು ಬಿಚ್ಚಿದರು. ಸೊಸೆ ತಟ್ಟೆಯಲ್ಲಿ ಕಾಫಿ ತಂದು, ಯಾರ ಮುಖವನ್ನೂ ನೋಡದೆ ಇಟ್ಟು, ಒಳಗೆ ಹೊರಟಳು. ಜಯಲಕ್ಷ್ಮಮ್ಮ ಆಕೆಯ ಸೆರಗಿನ ತುದಿ ಹಿಡಿದರು.

"ನೀನೂ ಕುಂತ್ಕಳವ್ವ. ಸಣ್ಣಕ್ಷರ ನನ್ ಕಣ್ಗೆ ಕಾಣಾಕಿಲ್ಲ. ನೀನು ಓದು, ಟೀಚರು ಬರ್ಕತಾರೆ."

ಆ ಹುಡುಗಿ ನಿಂತೇ ಇದ್ದಳು. ಆಮೇಲೆ ಕೈಯನ್ನು ಸೆರಗಿಗೆ ಒರೆಸಿಕೊಂಡು, ಅತ್ತೆಯ ಪಕ್ಕದಲ್ಲಿ ಕೂತು, ಮೊದಲ ಹಾಳೆಯನ್ನು ಕೈಗೆತ್ತಿಕೊಂಡಳು.